ಸೆನ್ಸೇಟ್ ಅಂದರೆ ಯಾರು?

'ಸೆನ್ಸೇಟ್' ಇಂಗ್ಲಿಷಿನಲ್ಲಿ ಮೊದಲಿಂದಲೂ ಇರುವ ಪದ. ಇಂದ್ರಿಯಗಳ ಮೂಲಕ ಅರಿಯಬಲ್ಲ ಜೀವಿ ಅಂತ ಅರ್ಥ. ಇದಕ್ಕೆ ಹೊಸ ಬಣ್ಣ ಕೊಟ್ಟಿದ್ದು 2015ರಲ್ಲಿ ನೆಟ್‌ಫ್ಲಿಕ್ಸ್‌ಗೆ ಬಂದ 'ಸೆನ್ಸ್8' ಸರಣಿ. ಆ 8 ಅನ್ನು 'ಏಟ್' ಅಂತ ಓದಿದರೆ ಅದೇ ಪದ ಕೇಳಿಸುತ್ತದೆ. ನಮಗೆ 'ಏಟು' ಅಂತಲೂ ಕೇಳಿಸುತ್ತದೆ, ಅದೂ ತಪ್ಪೇನಲ್ಲ.

ವಚೋಸ್ಕಿ ಸಹೋದರಿಯರು ಮತ್ತು ಜೆ. ಮೈಕಲ್ ಸ್ಟ್ರಾಜಿನ್ಸ್ಕಿ ಕಟ್ಟಿದ ಈ ಕಥೆಯಲ್ಲಿ ಬೇರೆ ಬೇರೆ ಊರುಗಳ ಎಂಟು ಜನರಿದ್ದಾರೆ. ಎಲ್ಲರೂ ಹುಟ್ಟಿದ್ದು ಒಂದೇ ದಿನ. ಎಲ್ಲಿದ್ದರೂ ಮನಸ್ಸು, ಇಂದ್ರಿಯಗಳಲ್ಲಿ ಒಬ್ಬರಿಗೊಬ್ಬರು ಬೆಸೆದುಕೊಂಡಿರುವ ಇವರೇ ಸೆನ್ಸೇಟ್‌ಗಳು. ಈ ಗುಂಪಿಗೆ 'ಕ್ಲಸ್ಟರ್' ಎಂದು ಹೆಸರು. ಒಬ್ಬರು ಇನ್ನೊಬ್ಬರ ಮುಂದೆ ಪ್ರತ್ಯಕ್ಷರಾಗಿ ಮಾತಾಡಿದರೆ ಅದು 'ವಿಸಿಟ್'. ಒಬ್ಬರ ವಿದ್ಯೆ ಇನ್ನೊಬ್ಬರ ಮೈಯಲ್ಲಿ ಕೆಲಸ ಮಾಡಿದರೆ 'ಶೇರ್'. ನೈರೋಬಿಯ ಮಟಾಟು (ಅಲ್ಲಿನ ಖಾಸಗಿ ಮಿನಿಬಸ್) ಚಾಲಕ ಕಫೀಯಸ್ ಕಳ್ಳರ ಕೈಗೆ ಸಿಕ್ಕಾಗ, ಅವನ ಮೈಯಿಂದ ಹೊಡೆದಾಡುವುದು ಸಿಯೋಲ್‌ನ ಸುನ್. ಅದೇ ಸುನ್‌ಗೆ ಮುಟ್ಟಾದರೆ ಮೆಕ್ಸಿಕೋ ನಗರದ ಸಿನಿಮಾ ಹೀರೋ ಲೀಟೋಗೆ ಹೊಟ್ಟೆ ನುಲಿಯುತ್ತದೆ!

ಪರಕಾಯ ಪ್ರವೇಶದ ನೆನಪಾಯಿತು, ಅಲ್ವಾ? ಹತ್ತಿರದ್ದೇ, ಆದರೆ ಅದಲ್ಲ. ನಮ್ಮ ಕಥೆಗಳಲ್ಲಿ ರಾಜನೋ ಯೋಗಿಯೋ ತನ್ನ ದೇಹ ಬಿಟ್ಟು, ಜೀವ ಹೋದ ಇನ್ನೊಂದು ದೇಹ ಸೇರುತ್ತಾನೆ. ಮನೆ ಎರಡು, ವಾಸ ಮಾತ್ರ ಒಬ್ಬನದೇ. ಸೆನ್ಸೇಟ್‌ಗಳಲ್ಲಿ ಯಾರೂ ಮನೆ ಖಾಲಿ ಮಾಡುವುದಿಲ್ಲ. ಇಬ್ಬರೂ ಎಚ್ಚರವಾಗಿರುತ್ತಾರೆ, ಇಬ್ಬರಿಗೂ ನೋಯುತ್ತದೆ. ಇದು ಮರುಕವೂ ಅಲ್ಲ. 'ಅಯ್ಯೋ ಪಾಪ' ಅನ್ನಬೇಕಾದರೆ ಸ್ವಲ್ಪ ದೂರ ನಿಂತಿರಬೇಕು. ಇಲ್ಲಿ ಪೆಟ್ಟು ನೇರ ನಮ್ಮ ಮೈಗೇ ಬಿದ್ದಿರುತ್ತದೆ.

ಮುಂಬೈನ ಕಲಾ ಪಾತ್ರ ಮಾಡಿದ ಟೀನಾ ದೇಸಾಯಿ ಹುಟ್ಟಿದ್ದು ನಮ್ಮ ಬೆಂಗಳೂರಿನಲ್ಲಿ. ಆದರೆ ಮುಂಬೈ, ನೈರೋಬಿ, ಸಿಯೋಲ್ ಎಲ್ಲಿ ಹೋದರೂ ಬಹುಪಾಲು ಮಾತು ಇಂಗ್ಲಿಷಿನಲ್ಲೇ. ಭಾಷೆಯ ತೊಡಕನ್ನು ಇಷ್ಟು ಸಲೀಸಾಗಿ ದಾಟಿಬಿಟ್ಟಿದ್ದು ನನಗಂತೂ ರುಚಿಸಲಿಲ್ಲ.

ನನಗೆ ಜಾಸ್ತಿ ಹಿಡಿಸಿದ್ದು ಸ್ಯಾನ್ ಫ್ರಾನ್ಸಿಸ್ಕೋದ ನೋಮಿ. ಅವಳು ಟ್ರಾನ್ಸ್ ಮಹಿಳೆ. ಪಾತ್ರ ಮಾಡಿದ ಜೇಮಿ ಕ್ಲೇಟನ್ ಕೂಡ. ಹೆತ್ತ ತಾಯಿ ಅವಳನ್ನು ಹಳೆಯ ಗಂಡು ಹೆಸರಿನಲ್ಲೇ ಕರೆಯುತ್ತಾಳೆ. ಎಂದೂ ಕಾಣದ ಏಳು ಜನರಿಗೆ ಮಾತ್ರ ಅವಳು ಏನನ್ನೂ ಬಿಡಿಸಿ ಹೇಳಬೇಕಿಲ್ಲ. 2017ರಲ್ಲಿ ಸರಣಿ ನಿಂತಾಗ ಅಭಿಮಾನಿಗಳು ಸುಮ್ನೆ ಕೂರಲಿಲ್ಲ. ಮರುವರ್ಷ ಜೂನ್‌ನಲ್ಲಿ ಎರಡೂವರೆ ಗಂಟೆಯ ಕೊನೆಯ ಕಂತು ಬಂತು. ಅದರಲ್ಲಿ ಐಫೆಲ್ ಗೋಪುರದ ಮೇಲೆ ನೋಮಿಯ ಮದುವೆ. ಅಮ್ಮನೂ ಬಂದಿದ್ದಾಳೆ.