ಕಾಲವನ್ನು ಬಗ್ಗಿಸುವ ನಾದದಲ್ಲಿ ‘ಅಸ್ಥಿರ’ ಯಾವುದು?

ಪ್ರಶ್ನೆ: ನಾನು ಬರೆಯುತ್ತಿರುವ ಕಾದಂಬರಿಯಲ್ಲಿ ಮಾಂತ್ರಿಕ ಗಂಟೆಗಳಿವೆ. ಅದರದರ ಸ್ವರ ಹಾಡಿದರೆ ಗಂಟೆ ತಾನೇ ಅನುರಣಿಸುತ್ತದೆ, ಸುತ್ತಲಿನ ಕಾಲ ನಿಧಾನವಾಗುತ್ತದೆ. ಇವುಗಳಲ್ಲಿ ಅಸ್ಥಿರವಾದವನ್ನು ಬೇರೆ ವರ್ಗ ಮಾಡಬೇಕಿದೆ. ಕಾಲವನ್ನು ಹೆಚ್ಚು ನಿಧಾನಿಸಿದಷ್ಟೂ ಹೆಚ್ಚು ಅಸ್ಥಿರ ಎಂದು ಇಟ್ಟುಕೊಂಡರೆ ಸಾಕೇ?

ಉತ್ತರ: ಸಾಲದು. ಇಂಥ ಕತೆ ಬರೆಯುವವರಲ್ಲಿ ಹೆಚ್ಚಿನವರು ಬಲವನ್ನೇ ಅಳತೆಗೋಲು ಮಾಡಿಕೊಳ್ಳುತ್ತಾರೆ. ಬಲ ಬೇರೆ, ಅಸ್ಥಿರತೆ ಬೇರೆ.

ಭಾಗವತದ ಕಕುದ್ಮಿ ರಾಜನ ಕತೆ ನೆನಪಿಸಿಕೊಳ್ಳಿ. ಮಗಳು ರೇವತಿಗೆ ತಕ್ಕ ವರ ಯಾರೆಂದು ಕೇಳಲು ಅವಳನ್ನೂ ಕರೆದುಕೊಂಡು ಬ್ರಹ್ಮಲೋಕಕ್ಕೆ ಹೋದ. ಅಲ್ಲಿ ಗಂಧರ್ವರ ಗಾನ ನಡೆದಿತ್ತು. ಮುಗಿಯಲಿ ಎಂದು ಕಾದು ನಿಂತ. ಅಷ್ಟು ಹೊತ್ತಿಗೆ ಭೂಮಿಯ ಮೇಲೆ 27 ಚತುರ್ಯುಗಗಳು ಕಳೆದಿದ್ದವು. ಒಂದು ಚತುರ್ಯುಗಕ್ಕೆ 43,20,000 ವರ್ಷದಂತೆ ಲೆಕ್ಕ ಹಾಕಿದರೆ 11 ಕೋಟಿ 66 ಲಕ್ಷ 40 ಸಾವಿರ ವರ್ಷ. ಕಾಲ ಇದಕ್ಕಿಂತ ಹೆಚ್ಚು ಬಾಗಬೇಕೇ? ಆದರೂ ಗಾನ ತನ್ನ ಪಾಡಿಗೆ ಮುಗಿಯಿತು, ಬ್ರಹ್ಮ ನಕ್ಕು ವಿಷಯ ತಿಳಿಸಿದ, ಅಪ್ಪ ಮಗಳು ಮರಳಿ ಬಂದರು, ರೇವತಿ ಬಲರಾಮನ ಕೈಹಿಡಿದಳು. ಬಲದಲ್ಲಿ ಇದು ಎಲ್ಲಕ್ಕೂ ಮೇಲು. ಅಸ್ಥಿರ ಮಾತ್ರ ಅಲ್ಲ.

ಹಾಗಾದರೆ ಏನನ್ನು ನೋಡಬೇಕು? ಮೊದಲು ಶ್ರುತಿ. ತಂಬೂರಿಯ ಎರಡು ತಂತಿಗಳನ್ನು ಒಂದೇ ಸ್ವರಕ್ಕೆ ಕೂಡಿಸಿ, ಒಂದರ ಮೇಲೆ ಮಡಿಸಿದ ಸಣ್ಣ ಕಾಗದದ ಚೂರು ಕೂರಿಸಿ, ಇನ್ನೊಂದನ್ನು ಮೀಟಿ. ಯಾರೂ ಮುಟ್ಟದ ತಂತಿಯ ಮೇಲಿನ ಕಾಗದ ನಡುಗುತ್ತದೆ, ಕೆಲವೊಮ್ಮೆ ಹಾರಿ ಬೀಳುತ್ತದೆ. ಬಿರಡೆಯನ್ನು ತುಸು ತಿರುಗಿಸಿ ಮತ್ತೆ ಮೀಟಿದರೆ ಕಾಗದ ಕೂತಲ್ಲೇ ಕೂತಿರುತ್ತದೆ. ಅನುರಣನಕ್ಕೆ ಶ್ರುತಿ ಸೇರಲೇಬೇಕು.

ನಿಮ್ಮ ಗಂಟೆಯ ವಿಶೇಷ ಇಲ್ಲೇ ಇದೆ. ಅದು ತನ್ನ ಸುತ್ತ ಕಾಲವನ್ನು ನಿಧಾನಿಸಿದರೆ ಅದರ ಕಂಪನವೂ ಹೊರಗಿನವರ ಪಾಲಿಗೆ ನಿಧಾನವಾಗುತ್ತದೆ, ಅಂದರೆ ಸ್ವರ ಇಳಿಯುತ್ತದೆ. ಇದು ಬರಿ ಕಲ್ಪನೆಯಲ್ಲ. ಭೂಮಿಯ ಸೆಳೆತದಿಂದಾಗಿ, ನೆಲಕ್ಕೆ ಹತ್ತಿರವಿರುವ ಗಡಿಯಾರ ಎತ್ತರದಲ್ಲಿರುವುದಕ್ಕಿಂತ ಕೂದಲೆಳೆಯಷ್ಟು ನಿಧಾನವಾಗಿ ನಡೆಯುತ್ತದೆ. ಇದನ್ನು ಹಾರ್ವರ್ಡ್‌ನಲ್ಲಿ ರಾಬರ್ಟ್ ಪೌಂಡ್ ಮತ್ತು ಗ್ಲೆನ್ ರೆಬ್ಕಾ ಅನುರಣನದಿಂದಲೇ ಹಿಡಿದು, 1960ರಲ್ಲಿ ಪ್ರಕಟಿಸಿದರು. ಕಬ್ಬಿಣದ ಒಂದು ಬಗೆಯಾದ ಕಬ್ಬಿಣ-57ರ ಒಂದು ಪರಮಾಣು ಹೊಮ್ಮಿಸಿದ ಗಾಮಾ ಕಿರಣವನ್ನು ಅದೇ ಶ್ರುತಿಯ ಇನ್ನೊಂದು ಪರಮಾಣು ಹೀರಿಕೊಳ್ಳುತ್ತದೆ. ನಡುವೆ ಸುಮಾರು 22.5 ಮೀಟರ್ ಎತ್ತರದ ವ್ಯತ್ಯಾಸ ಇಟ್ಟರೆ ಸಾಕು, ಶ್ರುತಿ ಜಾರುತ್ತದೆ. ಕಿರಣ ಹೊಮ್ಮಿಸುವ ಮೂಲವನ್ನು ಅತ್ತಿತ್ತ ಚಲಿಸುವಂತೆ ಮಾಡಿ, ಆ ಜಾರುವಿಕೆಯನ್ನು ಸರಿದೂಗಿಸಿ ಅಳೆದರು. ಕಾಲ ಬಾಗಿದರೆ ಅನುರಣನ ತಪ್ಪುತ್ತದೆ ಎಂಬುದಕ್ಕೆ ಇದಕ್ಕಿಂತ ಚೆಂದದ ಸಾಕ್ಷಿ ನನಗೆ ಗೊತ್ತಿಲ್ಲ.

ಆದ್ದರಿಂದ ನೀವು ಕೇಳಬೇಕಾದ ಮೊದಲ ಮಾತು: ಹಾಡುವವರು ಬಾಗಿದ ಕಾಲದ ಒಳಗಿದ್ದಾರೋ ಹೊರಗೋ? ಹೊರಗಿದ್ದರೆ ಗಂಟೆ ಮೊಳಗಿದಂತೆ ಅದರ ಸ್ವರ ಇಳಿದು ಹಾಡಿಗೆ ಸೇರದೆ ಹೋಗುತ್ತದೆ. ಗಂಟೆ ಸೊರಗುತ್ತದೆ, ಕಾಲ ಸರಿಯಾಗುತ್ತದೆ, ಸ್ವರ ಮತ್ತೆ ಕೂಡುತ್ತದೆ, ಗಂಟೆ ಮತ್ತೆ ಏಳುತ್ತದೆ. ಇದನ್ನು ‘ಜಾರುನಾದ’ ಎನ್ನಬಹುದು. ನೋಡುವವರಿಗೆ ಭಯ ಹುಟ್ಟಿಸುತ್ತದೆ. ಊರಿನ ದೀಪಗಳೆಲ್ಲ ಒಮ್ಮೆ ಸ್ತಬ್ಧ, ಒಮ್ಮೆ ಚಂಚಲ. ಆದರೆ ಮೇರೆ ಮೀರುವುದಿಲ್ಲ. ತನ್ನ ಕಡಿವಾಣ ತನ್ನಲ್ಲೇ ಇದೆ.

ಹಾಡುವವರು ಒಳಗೇ ಇದ್ದರೆ ಇಬ್ಬರ ಕಾಲವೂ ಒಟ್ಟಿಗೆ ನಿಧಾನವಾಗುತ್ತದೆ, ಶ್ರುತಿ ತಪ್ಪುವುದೇ ಇಲ್ಲ. ಹಾಡುವವರು ತಮ್ಮ ಇಚ್ಛೆಯಿಂದ ನಿಲ್ಲಿಸಬಲ್ಲರಾದರೆ ಅದು ‘ನಿಲುನಾದ’. ಗಂಧರ್ವರ ಗಾನ ಇಲ್ಲಿಗೆ ಸೇರುತ್ತದೆ.

ಉಳಿಯುವುದು ನಿಜವಾದ ಅಸ್ಥಿರ ವರ್ಗ, ‘ಉಕ್ಕುನಾದ’. ಇಲ್ಲಿ ನಾದವೇ ಹಾಡುವವರನ್ನು ಹಾಡಿಸತೊಡಗುತ್ತದೆ. ಅಮೆರಿಕದ ಟಕೋಮಾ ನ್ಯಾರೋಸ್ ಸೇತುವೆ 1940ರ ಜುಲೈನಲ್ಲಿ ತೆರೆದು ಅದೇ ವರ್ಷ ನವೆಂಬರ್ 7ರಂದು ಕುಸಿಯಿತು. ಗಾಳಿಯ ವೇಗ ಗಂಟೆಗೆ ಸುಮಾರು 64 ಕಿ.ಮೀ., ಬಿರುಗಾಳಿಯೇನಲ್ಲ. ಗಾಳಿ ತಾಳ ಹಾಕಿ ತಳ್ಳಲೂ ಇಲ್ಲ. ಸೇತುವೆ ತಿರುಚಿಕೊಂಡಾಗ ಆ ತಿರುಚೇ ಗಾಳಿಯಿಂದ ಇನ್ನಷ್ಟು ಬಲ ಎಳೆದುಕೊಂಡಿತು, ಮತ್ತಷ್ಟು ತಿರುಚಿತು. ಒಳಬರುವ ಬಲ ಸವೆದುಹೋಗುವ ಬಲವನ್ನು ಮೀರಿದ ಕ್ಷಣದಿಂದ ಅದಕ್ಕೆ ಮೇರೆ ಇರಲಿಲ್ಲ.

ನಿಮ್ಮ ಕತೆಯಲ್ಲಿ ಇದು ಸದ್ದಿಲ್ಲದೆ ಶುರುವಾಗಲಿ. ಹಾಡುಗಾರ್ತಿ ಉಸಿರು ತೆಗೆದುಕೊಳ್ಳಲು ನಿಲ್ಲಿಸಬೇಕೆಂದುಕೊಳ್ಳುತ್ತಾಳೆ, ಗಂಟಲು ನಿಲ್ಲುವುದಿಲ್ಲ. ಅವಳಿಗೆ ಹಾಡು ಶುರುವಾಗಿ ನಾಲ್ಕು ಗಳಿಗೆ ಅಷ್ಟೇ. ಹೊರಗೆ ಬಾಗಿಲಲ್ಲಿ ನಿಂತ ಅವಳ ತಂಗಿಗೆ ಕೂದಲು ನರೆತಿದೆ. ಅಕ್ಕನ ಬಾಯಿ ಅದೇ ಅಕ್ಷರದ ಮೇಲೆ ತೆರೆದೇ ಇದೆ.

ತಂಗಿ ಹೊರಗಿನಿಂದ ಎದುರು ಸ್ವರ ಹಾಡಿ ಪ್ರಯೋಜನವಿಲ್ಲ, ಅವಳ ಶ್ರುತಿ ಒಳಗಿನದಕ್ಕೆ ಸೇರುವುದೇ ಇಲ್ಲ. ಒಳಗೆ ಕಾಲಿಟ್ಟರೆ ಅವಳೂ ಹಾಡತೊಡಗುತ್ತಾಳೆ. ಉಳಿದ ದಾರಿ ಒಂದೇ: ನಾದಕ್ಕೆ ಸಿಗುವ ಉಣಿಸನ್ನು ತಪ್ಪಿಸುವುದು. ಟಕೋಮಾದಲ್ಲಿ 1950ರಲ್ಲಿ ಮತ್ತೆ ಕಟ್ಟಿದ ಸೇತುವೆಗೆ ಗಟ್ಟಿ ಗೋಡೆಯಂಥ ಅಂಚಿನ ಬದಲು ಗಾಳಿ ತೂರಿಹೋಗುವಂತೆ ಜಾಲಂದರದಂಥ ಉಕ್ಕಿನ ಚೌಕಟ್ಟು ಕೊಟ್ಟರು. ಗಂಟೆಯನ್ನು ಎರಕ ಹೊಯ್ದವರೂ ಹಾಗೆಯೇ, ಬೇಕಾದಾಗ ತೆರೆದು ನಾದದ ಬಲ ಕಳೆಯಲೆಂದು, ಮೊದಲೇ ಅದರ ಅಂಚಿನಲ್ಲಿ ಒಂದು ತೂತು ಬಿಟ್ಟು ಮೇಣ ತುಂಬಿದ್ದರೋ ಇಲ್ಲವೋ ಎಂಬುದನ್ನು ನೀವು ಮೊದಲ ಅಧ್ಯಾಯದಲ್ಲೇ ತೀರ್ಮಾನಿಸಿಬಿಡಿ.