ಕಣ್ಣಿಗೆ ಗೊತ್ತು, ನನಗೆ ಗೊತ್ತಿಲ್ಲ

ಉದ್ದನೆಯ ಕಾರಿಡಾರು. ನೆಲದ ಮೇಲೆ ಅಲ್ಲಲ್ಲಿ ಡಬ್ಬ, ಕಸದ ಬುಟ್ಟಿ, ಕ್ಯಾಮೆರಾ ಸ್ಟ್ಯಾಂಡು. ಕಣ್ಣು ಕಾಣದವರೊಬ್ಬರು ಕೋಲಿಲ್ಲದೆ ನಡೆದು ಬರುತ್ತಾರೆ. ದಾರಿಯಲ್ಲಿ ಅಡ್ಡ ಏನಿದೆ ಅಂತ ಅವರಿಗೆ ಯಾರೂ ಹೇಳಿಲ್ಲ. ಬಿದ್ದರೆ ಹಿಡಿಯಲು ಹಿಂದೆ ಒಬ್ಬರಿದ್ದಾರೆ, ಅಷ್ಟೇ. ಇಕ್ಕಟ್ಟಾದ ಜಾಗ ಬಂದಾಗ ಅವರು ಮೈ ಓರೆ ಮಾಡಿ ದಾಟುತ್ತಾರೆ. ಒಂದಕ್ಕೂ ತಾಗುವುದಿಲ್ಲ. ಆಮೇಲೆ ಕೇಳಿದರೆ, ಏನನ್ನೋ ತಪ್ಪಿಸಿಕೊಂಡು ಬಂದದ್ದೇ ಅವರಿಗೆ ಗೊತ್ತಿಲ್ಲ!

2008ರಲ್ಲಿ ಬಿಯಾಟ್ರಿಸ್ ಡಿ ಗೆಲ್ಡರ್ ಮತ್ತು ಸಂಗಡಿಗರು ಪ್ರಕಟಿಸಿದ ಪ್ರಯೋಗ ಇದು. ಆ ವ್ಯಕ್ತಿಯ ಕಣ್ಣು ಚೆನ್ನಾಗಿಯೇ ಇತ್ತು. ಎರಡು ಸಲ ಪಾರ್ಶ್ವವಾಯು ಬಡಿದು, ಮಿದುಳಿನ ಹಿಂಭಾಗದಲ್ಲಿ ನೋಟಕ್ಕೆಂದೇ ಇರುವ ಪದರ ಎರಡೂ ಕಡೆ ಹಾಳಾಗಿತ್ತು. ಇಂಥ ನೋಟಕ್ಕೆ 'ಬ್ಲೈಂಡ್‌ಸೈಟ್' ಎನ್ನುತ್ತಾರೆ. ಕುರುಡುನೋಟ ಅನ್ನೋಣ.

ಇದು ಹೇಗೆ ಸಾಧ್ಯ? ಕಣ್ಣಿನಿಂದ ಹೊರಟ ನರದ ಎಳೆಗಳು ಹೆಚ್ಚಿನವು ಹಿಂದಿನ ಆ ಪದರದ ಕಡೆಗೇ ಹೋಗುತ್ತವೆ. ಅದು ಹೆದ್ದಾರಿ. ಸುಮಾರು ಹತ್ತರಲ್ಲಿ ಒಂದು ಪಾಲು ಮಾತ್ರ ಮಧ್ಯಮಿದುಳಿನ ಪುಟ್ಟ ದಿಬ್ಬವೊಂದಕ್ಕೆ ಹೋಗುತ್ತದೆ. ಇದು ಹಳೇ ಬಂಡಿ ದಾರಿ. ಎದುರಿಗೆ ಹಾರಿದ ನೊಣಕ್ಕೆ ಕಪ್ಪೆ ನಾಲಿಗೆ ಚಾಚುವುದು ಇದೇ ದಾರಿಯ ಬಲದಿಂದ. ಹೆದ್ದಾರಿ ಕುಸಿದರೂ ಬಂಡಿ ಓಡುತ್ತಿರುತ್ತದೆ. ಇನ್ನೊಂದು ರೀತಿ ಹೇಳಬೇಕೆಂದರೆ, ಮುಂಬಾಗಿಲಿಗೆ ಬೀಗ ಬಿದ್ದಿದೆ, ಹಾಲಿನವನು ಹಿತ್ತಲಲ್ಲಿ ಹಾಲಿಟ್ಟು ಹೋಗಿದ್ದಾನೆ. ಮನೆಗೆ ಹಾಲು ಬಂದಿದೆ. ಬಂದದ್ದು ಯಜಮಾನನಿಗೆ ಗೊತ್ತಿಲ್ಲ.

ಇದರ ಸುಳಿವು ಹಳೆಯದು. ಮೊದಲನೇ ಮಹಾಯುದ್ಧದಲ್ಲಿ ತಲೆಗೆ ಗಾಯವಾದ ಸೈನಿಕರನ್ನು ಪರೀಕ್ಷಿಸಿದ ಜಾರ್ಜ್ ರಿಡಾಕ್, ನೋಟದ ಕುರುಡಾದ ಭಾಗದಲ್ಲೂ ಕೆಲವರಿಗೆ ಚಲನೆ ತಿಳಿಯುತ್ತದೆ ಎಂದು 1917ರಲ್ಲೇ ಬರೆದಿದ್ದರು. 1970ರ ದಶಕದಲ್ಲಿ ಲಾರೆನ್ಸ್ ವೈಸ್‌ಕ್ರಾಂಟ್ಜ್ ಅವರು ಒಂದು ಕಡೆಯ ನೋಟ ಹೋಗಿದ್ದ ಡಿ.ಬಿ. ಎಂಬ ರೋಗಿಗೆ ಆ ಕಾಣದ ಕಡೆ ಗೆರೆ ತೋರಿಸಿ, "ಅಡ್ಡವೋ, ನೆಟ್ಟಗೋ?" ಎಂದು ಕೇಳಿದರು. ಏನೂ ಕಾಣ್ತಿಲ್ಲ, ಸುಮ್ನೆ ಊಹೆ ಎನ್ನುತ್ತಲೇ ಡಿ.ಬಿ. ಹೆಚ್ಚಿನ ಸಲ ಸರಿ ಹೇಳಿದರು. ಫಲಿತಾಂಶ ಕೇಳಿ ಅವರಿಗೇ ಆಶ್ಚರ್ಯ.

ನನಗೆ ರೋಮಾಂಚನ ಆಗುವುದು ಇಲ್ಲೇ. ನೋಡುವುದು ಬೇರೆ, ನೋಡುತ್ತಿದ್ದೇನೆ ಎಂಬ ಅರಿವು ಬೇರೆ! ಕುರುಡುನೋಟ ಅರಿವಿಲ್ಲದ ನೋಟವಲ್ಲ, ತೀರಾ ಮಸುಕಾದ ನೋಟವೇ ಇರಬಹುದು ಎಂದು ವಾದಿಸುವವರೂ ಇದ್ದಾರೆ. ಜಗಳ ಮುಗಿದಿಲ್ಲ. ಕೆಲಸವೆಲ್ಲ ಅರಿವಿಲ್ಲದೆಯೂ ನಡೆಯುವುದಾದರೆ ಅರಿವು ಅನ್ನುವುದು ಇರುವುದಾದರೂ ಯಾಕೆ? ಮಿದುಳಿನ ಕೆಲಸದ ಜೊತೆಗೆ ಒಳಗಿನ ಅನುಭವ ಯಾಕೆ ಹುಟ್ಟುತ್ತದೆ ಎಂಬ ಪ್ರಶ್ನೆಯನ್ನು ತತ್ವಜ್ಞಾನಿ ಡೇವಿಡ್ ಚಾಮರ್ಸ್ 1995ರಲ್ಲಿ 'ಕಠಿಣ ಸಮಸ್ಯೆ' ಎಂದು ಕರೆದರು. ಅದು ಇದರ ಪಕ್ಕದಲ್ಲೇ ಇದೆ.

ಆದರೆ ಇದನ್ನು ಯಾರೂ ಮೂರನೇ ಕಣ್ಣು ಅನ್ನಬೇಡಿ. ನಮ್ಮ ಊರುಗಳಲ್ಲೂ 'ಮಿಡ್‌ಬ್ರೈನ್ ಆ್ಯಕ್ಟಿವೇಶನ್' (ಮಧ್ಯಮಿದುಳನ್ನು ಎಬ್ಬಿಸುವುದು) ಹೆಸರಲ್ಲಿ ಮಕ್ಕಳ ಕಣ್ಣಿಗೆ ಪಟ್ಟಿ ಕಟ್ಟಿ ಓದಿಸುತ್ತಾರೆ, ಸಾವಿರಗಟ್ಟಲೆ ಫೀಸು ವಸೂಲು ಮಾಡುತ್ತಾರೆ. ಮಕ್ಕಳು ಓದುವುದು ಮೂಗಿನ ಪಕ್ಕದ ಸಂದಿಯಿಂದ. ಮಧ್ಯಮಿದುಳು ಹುಟ್ಟಿದಾಗಿನಿಂದಲೂ ಕೆಲಸ ಮಾಡುತ್ತಿದೆ, ಅದನ್ನು ಯಾರೂ ಎಬ್ಬಿಸಬೇಕಿಲ್ಲ. ಅದಕ್ಕೂ ಬೆಳಕು ಬೇಕು, ಆ ಬೆಳಕು ಕಣ್ಣಿನ ಮೂಲಕವೇ ಒಳಗೆ ಬರಬೇಕು. ಕಾರಿಡಾರಿನ ಆ ವ್ಯಕ್ತಿಗೂ ಕಣ್ಣಿಗೆ ಪಟ್ಟಿ ಬಿಗಿದಿದ್ದರೆ, ಮೊದಲ ಡಬ್ಬಕ್ಕೇ ಎಡವುತ್ತಿದ್ದರು.