ಮೆಮೊದಲ್ಲಿ ಆ ಒಂದು ಸಾಲು ಇದೆಯಾ?

ಹೋದ ತಿಂಗಳು ಗಂಗಾವತಿ ಕಡೆಯ ರೈತರೊಬ್ಬರು ಕೊಪ್ಪಳದ ನಮ್ಮ ಆಫೀಸಿಗೆ ಬಂದರು. ಪ್ಲಾಸ್ಟಿಕ್ ಚೀಲದಿಂದ ನಾಲ್ಕು ಮಡಿಕೆಯ ಹಾಳೆ ತೆಗೆದು ಮೇಜಿನ ಮೇಲಿಟ್ಟು, 'ವಕೀಲ್ರ, ನನ್ನ ಕೇಸು ಮತ್ತ ಚಾಲೂ ಮಾಡ್ರಿ' ಅಂದರು.

ಅದು ಹೈಕೋರ್ಟಿನ ಧಾರವಾಡ ಪೀಠದ ಆದೇಶ. ವಿಷಯ ಎರಡೇ ಸಾಲು: ವಕೀಲರು ಮೆಮೊ (ಕೇಸು ವಾಪಸ್ ಪಡೆಯುತ್ತೇವೆ ಎಂದು ಕೋರ್ಟಿಗೆ ಕೊಡುವ ಬರಹ) ಸಲ್ಲಿಸಿದ್ದಾರೆ, ರಿಟ್ ಅರ್ಜಿ (ಅಧಿಕಾರಿಗಳ ಆದೇಶ ಪ್ರಶ್ನಿಸಿ ಹೈಕೋರ್ಟಿಗೆ ಹಾಕುವ ಅರ್ಜಿ) ವಾಪಸ್ ಪಡೆದ ಕಾರಣ ವಜಾ. ನಾನು ಹುಡುಕಿದ್ದು ಮೂರನೇ ಸಾಲನ್ನು. 'ಹೊಸ ಅರ್ಜಿ ಸಲ್ಲಿಸಲು ಅನುಮತಿ ನೀಡಲಾಗಿದೆ' ಎಂಬ ಸಾಲು. ಅದು ಇರಲಿಲ್ಲ.

ಗದ್ದೆಯ ಪಹಣಿ ತಮ್ಮನೊಬ್ಬನ ಹೆಸರಿಗೇ ಆಗಿತ್ತು. ಡಿಸಿ ಆದೇಶದ ವಿರುದ್ಧ ಇವರು ರಿಟ್ ಹಾಕಿ ತಡೆಯಾಜ್ಞೆಯನ್ನೂ ತಂದಿದ್ದರು. ಊರ ಹಿರಿಯರು ಇಬ್ಬರನ್ನೂ ಕೂಡಿಸಿ, ಮೊದಲು ಕೇಸು ವಾಪಸ್ ತಗೋ, ಆಮೇಲೆ ಪಾಲು ಬರೆಸೋಣ ಅಂದರಂತೆ. ಇವರು ನಂಬಿ ಸಹಿ ಹಾಕಿದರು. ಅರ್ಜಿ ಹೋಯಿತು, ಅದರ ಜೊತೆಗೇ ತಡೆಯಾಜ್ಞೆಯೂ ಹೋಯಿತು. ತಮ್ಮ ಇನ್ನೂ ಪಾಲು ಬರೆದುಕೊಟ್ಟಿಲ್ಲ.

ವಾಪಸ್ ಪಡೆದ ಅರ್ಜಿಯನ್ನು ಬೇಕಾದಾಗ ಮತ್ತೆ ಹಾಕಬಹುದು ಅಂತ ಬಹಳ ಜನ ತಿಳಿದಿದ್ದಾರೆ. ಹಾಗಿಲ್ಲ. 1986ರಲ್ಲಿ ಸರ್ಗುಜಾ ಟ್ರಾನ್ಸ್‌ಪೋರ್ಟ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟ ಮಾಡಿದೆ. ಅನುಮತಿ ಪಡೆಯದೆ ರಿಟ್ ಹಿಂಪಡೆದರೆ ಅದೇ ವಿಷಯಕ್ಕೆ ಹೈಕೋರ್ಟಿನಲ್ಲಿ ಇನ್ನೊಂದು ರಿಟ್ ನಡೆಯುವುದಿಲ್ಲ. ಸಿವಿಲ್ ದಾವೆಗಳಿಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 23ನೇ ಆದೇಶದಲ್ಲಿ ಇದ್ದ ತತ್ವವನ್ನೇ ರಿಟ್‌ಗೂ ತಂದರು. ಒಬ್ಬ ನ್ಯಾಯಮೂರ್ತಿಗಳ ಮುಂದೆ ಕೆಲಸ ಆಗಲಿಲ್ಲ ಅಂತ ವಾಪಸ್ ಪಡೆದು, ಇನ್ನೊಬ್ಬರ ಮುಂದೆ ಹೋಗುವುದನ್ನು ತಡೆಯುವುದು ಉದ್ದೇಶ. ಅಕ್ರಮ ಬಂಧನದ ವಿರುದ್ಧದ ಹೇಬಿಯಸ್ ಕಾರ್ಪಸ್ ಅರ್ಜಿಗೆ ಈ ಅಡ್ಡಿ ಇಲ್ಲ.

ಹಾಗಾಗಿ ಮೆಮೊಗೆ ಸಹಿ ಹಾಕುವ ಮುನ್ನ ವಕೀಲರಿಂದ ಪೂರ್ತಿ ಓದಿಸಿ, ಕನ್ನಡದಲ್ಲಿ ಹೇಳಿಸಿಕೊಳ್ಳಿ. ಹೊಸ ಅರ್ಜಿಗೆ ಅನುಮತಿ ಕೇಳುವ ಸಾಲು ಅದರಲ್ಲಿ ಇದೆಯಾ ನೋಡಿ. ಕೇಳಿದ ಮಾತ್ರಕ್ಕೆ ಅನುಮತಿ ಸಿಕ್ಕೇ ಸಿಗುತ್ತದೆ ಅಂತಲ್ಲ, ಅದು ಕೋರ್ಟಿನ ವಿವೇಚನೆ. ಆದರೆ ಕೇಳದೇ ಇದ್ದರೆ ಸಿಗುವುದೇ ಇಲ್ಲ. ಮೆಮೊದಲ್ಲಿ ಬರೆದರಷ್ಟೇ ಸಾಲದು, ಆದೇಶದಲ್ಲೂ ಬಂದಿದೆಯಾ ನೋಡಿ. ರಾಜಿ ಅಂತ ಆದರೆ ಸಬ್ ರಿಜಿಸ್ಟ್ರಾರ್ ಆಫೀಸಿನಲ್ಲಿ ಪಾಲುಪತ್ರ ನೋಂದಣಿ ಆಗಲಿ, ಆಮೇಲೆ ಮೆಮೊ. ಅಣ್ಣತಮ್ಮಂದಿರ ನಡುವೆ ಇಷ್ಟೆಲ್ಲ ಬೇಕಾ ಅಂತ ಕೇಳುತ್ತಾರೆ. ಬೇಕು. ಅವರ ನಡುವೆಯೇ ಜಾಸ್ತಿ ಬೇಕು.

ಈ ರೈತರಿಗೆ ದಾರಿ ಪೂರ್ತಿ ಮುಚ್ಚಿಲ್ಲ. ಸರ್ಗುಜಾ ತೀರ್ಪು ಸಿವಿಲ್ ದಾವೆಯನ್ನು ತಡೆಯುವುದಿಲ್ಲ. ಪಹಣಿಯಲ್ಲಿ ಹೆಸರು ಬಂದ ಮಾತ್ರಕ್ಕೆ ಮಾಲೀಕತ್ವ ಬರುವುದೂ ಇಲ್ಲ. ಗಂಗಾವತಿ ಕೋರ್ಟಿನಲ್ಲಿ ಪಾಲಿನ ದಾವೆ, ಜೊತೆಗೆ ಗದ್ದೆ ಮಾರದಂತೆ ತಾತ್ಕಾಲಿಕ ತಡೆಯಾಜ್ಞೆಗೆ ಅರ್ಜಿ ಸಿದ್ಧ ಮಾಡುತ್ತಿದ್ದೇವೆ. ವಂಶವೃಕ್ಷ ತಂದಿದ್ದಾರೆ. ಅವರ ತಂದೆ ಕಾಲದ ಪಹಣಿ ನಕಲು ತಹಶೀಲ್ದಾರ್ ಕಚೇರಿಯಿಂದ ಬರಬೇಕು.